ಹೆಗ್ಗೋಡಿನ ಸುಬ್ಬಣ್ಣನವರೂ ನನ್ನ ಕಳವಿನ ಚಿತ್ರವೂ

ದೊಡ್ಡವರ ಜೀವನಚರಿತ್ರೆಯನ್ನು ಬರೆಯಹೊರಡುವವನು ಅವರನ್ನು ಕಣ್ಣಾರೆ ಕಂಡಿರಬೇಕು, ಇಲ್ಲವೆ ಅವರ ಗ್ರಂಥಗಳನ್ನು ಆಳವಾಗಿ ಅಭ್ಯಾಸ ಮಾಡಿರಬೇಕು ಎಂದು ತಿಳಿದವರು ಹೇಳುತ್ತಾರೆ. ಶ್ರೀ ಕೆ. ವಿ. ಸುಬ್ಬಣ್ಣನವರ ವಿಷಯದಲ್ಲಿ ನನಗೆ ಮೊದಲನೆಯ ಅರ್ಹತೆ ಇಲ್ಲವೇ ಇಲ್ಲ. ಅವರು ತೀರಿಕೊಂಡ ವರ್ಷವೇ ನಾನು ಹುಟ್ಟಿದ್ದು. ಎರಡನೆಯ ಅರ್ಹತೆಯೂ ಅಷ್ಟಕ್ಕಷ್ಟೆ. ಆದರೂ ಈ ಲೇಖನವನ್ನು ಬರೆಯುವ ಧೈರ್ಯ ಮಾಡಿದ್ದೇನೆ. ಏಕೆಂದರೆ ಅವರ ಬಾಳಿನ ಒಂದು ಭಾಗವನ್ನು ತಿಳಿದ ಮೇಲೆ ನನ್ನ ಬಾಳಿನ ಒಂದು ತಪ್ಪು ನನಗೆ ಕಂಡಿತು. ಆ ತಪ್ಪು ಯಾವುದೆಂಬುದನ್ನು ಮುಂದೆ ಹೇಳುತ್ತೇನೆ. ಮೊದಲು ಅವರ ಬಾಳಿನ ಕಥೆ.

ಸುಬ್ಬಣ್ಣನವರು ಜನಿಸಿದ್ದು ೧೯೩೨ನೆಯ ಇಸವಿ ಫೆಬ್ರವರಿ ೨೦ರಂದು, ಸಾಗರ ತಾಲ್ಲೂಕಿನ ಮುಂಡಿಗೇಸರದಲ್ಲಿ. ಅವರದು ಅಡಕೆ ತೋಟವನ್ನು ನಂಬಿದ ಮನೆತನ. ಹತ್ತಿರದ ಹೆಗ್ಗೋಡು ಸಾಗರ ಪೇಟೆಯಿಂದ ಏಳೆಂಟು ಕಿಲೋಮೀಟರು ದೂರದ ಸಣ್ಣ ಊರು. ಸ್ವಾತಂತ್ರ್ಯ ಬಂದ ಹೊಸತರಲ್ಲಿ, ೧೯೪೯ರಲ್ಲಿ, ಆ ಊರಿನ ಉತ್ಸಾಹಿಗಳು ಸೇರಿ ಶ್ರೀ ನೀಲಕಂಠೇಶ್ವರ ನಾಟ್ಯಸೇವಾ ಸಂಘವನ್ನು ಕಟ್ಟಿದರು. ಇಂದು ನೀನಾಸಂ ಎಂದು ದೇಶವೆಲ್ಲ ಬಲ್ಲ ಸಂಸ್ಥೆ ಅದೇ. ಆಗ ಸುಬ್ಬಣ್ಣನವರಿಗೆ ಹದಿನೇಳು ವರ್ಷ.

ಅನಂತರ ಅವರು ಮೈಸೂರಿನ ಮಹಾರಾಜಾ ಕಾಲೇಜಿಗೆ ಹೋದರು. ನಮ್ಮ ತೀರ್ಥಹಳ್ಳಿ ತಾಲ್ಲೂಕಿನ ಕುಪ್ಪಳಿಯವರಾದ ಕುವೆಂಪು ಅಲ್ಲಿ ಅವರಿಗೆ ಗುರುಗಳಾಗಿದ್ದರು. ಪದವಿ ಪಡೆದ ತರುಣರಿಗೆ ಆ ಕಾಲದಲ್ಲಿ ನೌಕರಿಗಳೇನೂ ದುರ್ಲಭವಾಗಿರಲಿಲ್ಲ. ಆದರೂ ಸುಬ್ಬಣ್ಣನವರು ಊರಿಗೆ ಮರಳಿದರು. ತೋಟ ನೋಡಿಕೊಂಡರು, ನಾಟಕ ಆಡಿಸಿದರು, ಅಕ್ಷರ ಪ್ರಕಾಶನವೆಂಬ ಪ್ರಕಟನಾಲಯವನ್ನು ನಡೆಸಿದರು. ಓದಿದವನು ಹಳ್ಳಿಗೆ ಮರಳಿದನೆಂದರೆ ಸೋತು ಬಂದನೆಂದೇ ಜನ ಭಾವಿಸುವ ಈ ದಿನಗಳಲ್ಲಿ, ಅಂತಿಮ ಬಿ.ಎ. ತರಗತಿಯಲ್ಲಿ ಕುಳಿತಿರುವ ನನ್ನಂಥವರು ಈ ಸಂಗತಿಯನ್ನು ಎರಡು ಸಲ ಯೋಚಿಸಬೇಕಾಗಿದೆ.

೧೯೭೨ರಲ್ಲಿ ಹೆಗ್ಗೋಡಿನಲ್ಲಿ ಶಿವರಾಮ ಕಾರಂತ ರಂಗಮಂದಿರ ಎದ್ದಿತು. ೧೯೮೦ರಲ್ಲಿ ರಂಗಶಿಕ್ಷಣ ಕೇಂದ್ರವೂ, ೧೯೮೫ರಲ್ಲಿ ಊರೂರು ತಿರುಗುವ ತಿರುಗಾಟ ನಾಟಕ ತಂಡವೂ ಆರಂಭವಾದವು. ಸುಬ್ಬಣ್ಣನವರಿಗೆ ೧೯೯೧ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ ಬಂದಿತು. ೨೦೦೩ರಲ್ಲಿ ಅವರ 'ಕವಿರಾಜಮಾರ್ಗ ಮತ್ತು ಕನ್ನಡ ಜಗತ್ತು' ಎಂಬ ಗ್ರಂಥಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ದೊರೆಯಿತು. ೨೦೦೫ನೆಯ ಜುಲೈ ೧೬ರಂದು ಅವರು ನಿಧನರಾದರು. ಇವೆಲ್ಲ ನಮ್ಮ ಜಿಲ್ಲೆಯ ವಿದ್ಯಾರ್ಥಿಗಳು ಅಲ್ಲಲ್ಲಿ ಕೇಳಿರುವ ಸಂಗತಿಗಳೇ. ನಾನು ಹೇಳಹೊರಟಿರುವುದು ಅಷ್ಟಾಗಿ ಯಾರೂ ನೆನೆಯದ ಇನ್ನೊಂದು ಕೆಲಸವನ್ನು. ೧೯೭೩ರಲ್ಲಿ ಅವರು ನೀನಾಸಂ ಚಿತ್ರಸಮಾಜವೆಂಬ ಸಿನಿಮಾ ಸಂಘವನ್ನು ಹೆಗ್ಗೋಡಿನಲ್ಲಿ ತೆರೆದರು.

ಇಲ್ಲಿ ನನ್ನ ಕಥೆ ಸ್ವಲ್ಪ ನಡುವೆ ಬರುತ್ತದೆ. ವಾಚಕರು ಕ್ಷಮಿಸಬೇಕು.

ನಮ್ಮ ಊರು ಹೊಸನಗರ ತಾಲ್ಲೂಕಿನಲ್ಲಿ, ಶರಾವತಿಯ ಹಿನ್ನೀರಿನ ಅಂಚಿನಲ್ಲಿದೆ. ಅಪ್ಪಯ್ಯ ಕೊನೆಗಾರರು. ಕೊಯ್ಲಿನ ಕಾಲ ಬಂತೆಂದರೆ ತೋಟದಿಂದ ತೋಟಕ್ಕೆ ಹೋಗಿ, ಮರವೇರಿ ಅಡಕೆಯ ಗೊನೆ ಇಳಿಸುವುದು ಅವರ ಕಸುಬು. ಅಮ್ಮ ಅಡಕೆ ಸುಲಿಯಲು ಹೋಗುತ್ತಾಳೆ. ನಮ್ಮ ಮನೆಯಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವನು ನಾನೇ ಮೊದಲಿಗ. ಪಿ.ಯು.ಸಿ. ಮುಗಿದ ರಜೆಯಲ್ಲಿ ಪೇಟೆಯ ಒಂದು ಮೊಬೈಲ್ ಅಂಗಡಿಗೆ ಕೆಲಸಕ್ಕೆ ಸೇರಿದೆ. ಕಾಲೇಜಿಗೆ ಸೇರಿದ ಮೇಲೂ ಭಾನುವಾರ ಮತ್ತು ರಜಾದಿನಗಳಲ್ಲಿ ಅಲ್ಲಿಗೆ ಹೋಗುತ್ತಿದ್ದೆ. ಹಿನ್ನೀರಿನ ಕಡೆಯ ಹಳ್ಳಿಗಳಲ್ಲಿ ಫೋನಿಗೆ ಸಿಗ್ನಲ್ ಸಿಗುವುದು ಕಷ್ಟ. ಆದ್ದರಿಂದ ಜನ ಮೆಮೊರಿ ಕಾರ್ಡನ್ನೋ ಪೆನ್ ಡ್ರೈವನ್ನೋ ತಂದು ಸಿನಿಮಾ ತುಂಬಿಸಿಕೊಂಡು ಹೋಗುತ್ತಿದ್ದರು. ಒಂದು ಕಾರ್ಡಿಗೆ ಇಪ್ಪತ್ತು ರೂಪಾಯಿ. ತಮಿಳು ಹೆಸರಿನ ಕಳ್ಳ ಜಾಲತಾಣಗಳಿಂದಲೂ ಟೆಲಿಗ್ರಾಂ ಗುಂಪುಗಳಿಂದಲೂ ಚಿತ್ರಗಳನ್ನು ಇಳಿಸಿ ತುಂಬಿಕೊಡುವುದು ನನ್ನ ಕೆಲಸವಾಗಿತ್ತು. ತಮಿಳು, ಕನ್ನಡ, ತೆಲುಗು ಯಾವುದಾದರೂ ಸರಿ; ಬಿಡುಗಡೆಯಾದ ವಾರದಲ್ಲಿಯೇ ನಮ್ಮಲ್ಲಿ ಇರುತ್ತಿತ್ತು. ಮೊದಲ ವರ್ಷದ ನನ್ನ ಬಸ್ ಪಾಸೂ ಪುಸ್ತಕಗಳೂ ಆ ದುಡ್ಡಿನವು. ಅದು ಕಳವೆಂದು ನನಗೆ ಅನಿಸಿರಲಿಲ್ಲ. ಯಾರ ಮನೆಯಿಂದಲೂ ಏನೂ ಕಡಮೆಯಾಗದ ಮೇಲೆ ಕಳವು ಹೇಗಾದೀತು ಎಂದುಕೊಂಡಿದ್ದೆ.

ಒಂದು ಸಲ ಗಿರೀಶ ಕಾಸರವಳ್ಳಿಯವರ 'ದ್ವೀಪ' ಎಂಬ ಚಿತ್ರ ಹಾಗೆಯೇ ಕೈಗೆ ಸಿಕ್ಕಿತು. ಸಾಗರದ ನಾ. ಡಿಸೋಜರ ಕಾದಂಬರಿಯನ್ನು ಆಧರಿಸಿ, ನಟಿ ಸೌಂದರ್ಯ ಅವರು ನಿರ್ಮಿಸಿ ತಾವೇ ನಾಗಿಯ ಪಾತ್ರ ವಹಿಸಿದ ಚಿತ್ರ ಅದು. ೨೦೦೧ನೆಯ ಸಾಲಿನ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಪಡೆದದ್ದು. ಅಣೆಕಟ್ಟಿನ ನೀರು ಏರುತ್ತ ಬರುವಾಗ ಮನೆ ಬಿಡಲಾರದೆ ಉಳಿದ ಒಂದು ಕುಟುಂಬದ ಕಥೆ. ನನ್ನ ಅಜ್ಜಿ ಅಂಥದೇ ಮನೆಯಿಂದ ಬಂದವಳು. ೧೯೬೪ರಲ್ಲಿ ಲಿಂಗನಮಕ್ಕಿಯ ಅಣೆಕಟ್ಟು ಮುಗಿಯುವ ಹೊತ್ತಿಗೆ ಅವಳು ಹತ್ತು ಹನ್ನೆರಡು ವರ್ಷದ ಹುಡುಗಿ. ಅವಳ ತವರಿನ ಅಂಗಳ, ತೋಟ, ದನದ ಕೊಟ್ಟಿಗೆ ಎಲ್ಲವೂ ನೀರಿನ ಅಡಿಯಲ್ಲಿವೆ. ಅವಳಿಗೆ ಈ ಚಿತ್ರವನ್ನು ತೋರಿಸಬೇಕೆಂದು ಬಹಳ ಸಂಭ್ರಮದಿಂದ ಮನೆಗೆ ತಂದೆ.

ಅಂಗೈಯಷ್ಟು ಪರದೆ. ಯಾವುದೋ ದೂರದರ್ಶನ ವಾಹಿನಿಯಿಂದ ಹಿಡಿದ ಪ್ರತಿ. ಮಳೆಯ ದೃಶ್ಯಗಳೆಲ್ಲ ಕಪ್ಪು ಮಸಿಯಂತೆ ಕಾಣುತ್ತಿದ್ದವು. ಮುಖಗಳ ಮೇಲೆ ಜೂಜಾಟದ ಜಾಹೀರಾತು ಹರಿದಾಡುತ್ತಿತ್ತು. ಅಜ್ಜಿ ಕನ್ನಡಕ ಒರೆಸಿಕೊಂಡು ಒರೆಸಿಕೊಂಡು ನೋಡಿದಳು. ನೀರು ಅಂಗಳದ ಹತ್ತಿರ ಬರುವ ಹೊತ್ತಿಗೆ ಚಿತ್ರ ಕಡಿದುಹೋಯಿತು. ಆ ಪ್ರತಿಯಲ್ಲಿ ಇದ್ದದ್ದೇ ಅಷ್ಟು. ಆ ಹೆಂಗಸಿನ ಮನೆ ಉಳಿಯಿತೇ ಎಂದು ಅಜ್ಜಿ ನನ್ನನ್ನು ಕೇಳಿದಳು. ನನಗೆ ತಿಳಿದಿರಲಿಲ್ಲ. ಅವಳು ಆ ರಾತ್ರಿ ಊಟಕ್ಕೆ ಏಳಲಿಲ್ಲ.

ಇದಾದ ಕೆಲವು ತಿಂಗಳಿಗೆ ನಮ್ಮ ಕನ್ನಡ ಅಧ್ಯಾಪಕರು ತರಗತಿಯಲ್ಲಿ ಒಬ್ಬೊಬ್ಬರಿಗೆ ಒಬ್ಬೊಬ್ಬ ಲೇಖಕರ ಮೇಲೆ ಪ್ರಬಂಧ ಸಿದ್ಧಪಡಿಸಲು ಹೇಳಿದರು. ನನ್ನ ಪಾಲಿಗೆ ಸುಬ್ಬಣ್ಣನವರು ಬಂದರು. ಒಂದು ಭಾನುವಾರ ಅಂಗಡಿಗೆ ರಜೆ ಹೇಳಿ ಹೆಗ್ಗೋಡಿಗೆ ಹೋದೆ. ಅಲ್ಲಿ ಎಂಬತ್ತು ದಾಟಿದ ಒಬ್ಬ ಅಡಕೆ ಬೆಳೆಗಾರರು ಜಗಲಿಯ ಮೇಲೆ ಕೂರಿಸಿ, ಬೆಲ್ಲ ನೀರು ಕೊಟ್ಟು, ನಾಟಕದ ವಿಷಯ ಬಿಟ್ಟು ಸಿನಿಮಾದ ವಿಷಯ ಹೇಳತೊಡಗಿದರು. ಇಟಲಿಯ ಡಿ ಸಿಕಾ ಎಂಬ ನಿರ್ದೇಶಕರು ೧೯೪೮ರಲ್ಲಿ ತೆಗೆದ ಸೈಕಲ್ ಕಳ್ಳರ ಚಿತ್ರದ ಕಥೆಯನ್ನು ಅವರು ನಿನ್ನೆ ನೋಡಿದವರಂತೆ ಒಂದೊಂದು ದೃಶ್ಯವಾಗಿ ಹೇಳಿದರು. ಬಡವನೊಬ್ಬನಿಗೆ ಬಹಳ ಕಾಲದ ಮೇಲೆ ಕೆಲಸ ಸಿಗುತ್ತದೆ. ಕೆಲಸಕ್ಕೆ ಸೈಕಲ್ಲು ಬೇಕು. ಆ ಸೈಕಲ್ಲು ಕಳವಾಗುತ್ತದೆ. ಮಗನ ಕೈ ಹಿಡಿದು ಊರೆಲ್ಲ ಹುಡುಕಿ ಸಿಗದೆ ಕಡೆಗೆ ಅವನೇ ಇನ್ನೊಬ್ಬರ ಸೈಕಲ್ಲು ಕದಿಯುತ್ತಾನೆ. ಮಗನ ಎದುರಿಗೇ ಸಿಕ್ಕಿಬೀಳುತ್ತಾನೆ. ಹಿರಿಯರು ಇದನ್ನು ಹೇಳುತ್ತಿರುವಾಗ ನನ್ನ ಜೇಬಿನಲ್ಲಿದ್ದ ಪೆನ್ ಡ್ರೈವು ನನಗೆ ನೆನಪಾಯಿತು.

ಸುಬ್ಬಣ್ಣನವರು ಮಾಡಿದ ಕೆಲಸದ ಬೆಲೆ ತಿಳಿಯಬೇಕಾದರೆ ಆ ಕಾಲದಲ್ಲಿ ಸಿನಿಮಾ ಎಂಬುದು ಯಾವ ರೂಪದ ವಸ್ತುವಾಗಿತ್ತೆಂಬುದು ತಿಳಿದಿರಬೇಕು. ಚಿತ್ರವೆಂದರೆ ತಗಡಿನ ಡಬ್ಬಿಗಳಲ್ಲಿ ಸುತ್ತಿಟ್ಟ ಫಿಲ್ಮಿನ ಸುರುಳಿಗಳು. ಒಂದೊಂದು ಸಲ ಓಡಿಸಿದಾಗಲೂ ಅದಕ್ಕೆ ಗೀರು ಬೀಳುವ ಭಯ. ಪ್ರತಿಗಳು ಕೆಲವೇ ಕೆಲವು. ೧೯೪೭ರಲ್ಲಿ ಸತ್ಯಜಿತ್ ರಾಯ್ ಮತ್ತು ಅವರ ಗೆಳೆಯರು ಕಲ್ಕತ್ತೆಯಲ್ಲಿ ಚಿತ್ರಸಮಾಜ ಆರಂಭಿಸಿದ್ದರು. ಅನಂತರ ದೊಡ್ಡ ನಗರಗಳಲ್ಲಿ ಅಂಥ ಸಂಘಗಳು ಹುಟ್ಟಿದವು. ಅವು ಇಂಗ್ಲಿಷ್ ಬಲ್ಲ ನಗರವಾಸಿಗಳ ಕೂಟಗಳಾಗಿದ್ದವು. ಅಡಕೆ ಸುಲಿಯುವವರೂ ಗಾಡಿ ಹೊಡೆಯುವವರೂ ಇರುವ ಹಳ್ಳಿಯಲ್ಲಿ ಚಿತ್ರಸಮಾಜವೆಂದರೆ ನಗುವವರೇ ಹೆಚ್ಚಿದ್ದಿರಬೇಕು.

ಸುಬ್ಬಣ್ಣನವರು ಹಳ್ಳಿಯವರ ರುಚಿಯನ್ನು ಕೀಳೆಂದು ಭಾವಿಸಲಿಲ್ಲ. ಯಕ್ಷಗಾನವನ್ನು ರಾತ್ರಿಯಿಡೀ ನೋಡಿ ಬೆಳಿಗ್ಗೆ ಅರ್ಥಗಾರಿಕೆಯ ತಪ್ಪು ಒಪ್ಪು ಚರ್ಚಿಸುವ ಜನಕ್ಕೆ ಸಿನಿಮಾ ಏಕೆ ತಿಳಿಯಬಾರದು? ಪುಣೆಯಲ್ಲಿ ೧೯೬೪ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯದ ನೆರವನ್ನು ಅವರು ಪಡೆದರು. ಆ ಸಂಗ್ರಹಾಲಯವನ್ನು ಕಟ್ಟಿ ಬೆಳೆಸಿದವರು ಕೇರಳದ ಪಿ. ಕೆ. ನಾಯರ್. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ಪ್ರಾಧ್ಯಾಪಕರಾದ ಸತೀಶ್ ಬಹಾದೂರ್ ಅವರೂ ಹೆಗ್ಗೋಡಿಗೆ ಬಂದು ಚಿತ್ರವನ್ನು ನೋಡುವ ಬಗೆಯನ್ನು ಕಲಿಸಿದರು. ರಾಯ್ ಅವರ 'ಪಥೇರ್ ಪಾಂಚಾಲಿ', ಜಪಾನಿನ ಕುರೊಸಾವಾ ಅವರ 'ರಾಶೊಮೊನ್' ಮೊದಲಾದ ಚಿತ್ರಗಳನ್ನು ಹಳ್ಳಿಗರು ಕುಳಿತು ನೋಡಿದರು. ನೋಡಿದ ಮೇಲೆ ಮಾತಾಡಿದರು. ೧೯೮೦ರ ದಶಕದ ಮೊದಲರ್ಧದಲ್ಲಿ ಜನಸ್ಪಂದನವೆಂಬ ಯೋಜನೆಯ ಮೂಲಕ ಈ ಕೆಲಸ ಹೆಗ್ಗೋಡಿನ ಎಲ್ಲೆ ದಾಟಿ ಕರ್ನಾಟಕದ ಇತರ ಊರುಗಳಿಗೂ ಹಬ್ಬಿತು.

ಆ ಹಿರಿಯರು ಒಂದು ಮಾತನ್ನು ಬಿಡದೆ ಹೇಳಿದರು. ಡಬ್ಬಿಗಳು ಬಂದರೆ ಮನೆಗೆ ನೆಂಟರು ಬಂದಂತೆ ಇರುತ್ತಿತ್ತಂತೆ. ಅವನ್ನು ಒಣಗಿದ ಜಾಗದಲ್ಲಿ ಇಡಬೇಕು. ಮಲೆನಾಡಿನ ಮಳೆಗಾಲದ ತೇವ ತಾಗಬಾರದು. ಹೇಳಿದ ದಿನಕ್ಕೆ ತಪ್ಪದೆ ಹಿಂತಿರುಗಿಸಬೇಕು. ಈ ಊರಿನವರು ನಂಬಿಕಸ್ಥರೆಂಬ ಹೆಸರು ಉಳಿದರೆ ಮಾತ್ರ ಮುಂದಿನ ಸಲ ಇನ್ನೊಂದು ಚಿತ್ರ ಬರುತ್ತದೆ. ಕೇಳಿ ತರುವುದು, ಕೂಡಿ ನೋಡುವುದು, ಜೋಪಾನವಾಗಿ ಹಿಂದಕ್ಕೆ ಕಳಿಸುವುದು: ಹೆಗ್ಗೋಡಿನ ಚಿತ್ರಸಮಾಜದ ನಡೆ ಇಷ್ಟೇ.

ಈ ನಂಬಿಕೆಯ ಫಲ ಎಲ್ಲಿಯವರೆಗೆ ಹರಿಯಿತೆಂಬುದನ್ನು ನೋಡಿದರೆ ಆಶ್ಚರ್ಯವಾಗುತ್ತದೆ. ಗಿರೀಶ ಕಾಸರವಳ್ಳಿಯವರು ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನವರು. ಸುಬ್ಬಣ್ಣನವರು ಅವರಿಗೆ ಸೋದರಮಾವ. ತೀರ್ಥಹಳ್ಳಿ ತಾಲ್ಲೂಕಿನ ಮೇಳಿಗೆಯಲ್ಲಿ ಹುಟ್ಟಿದ ಯು. ಆರ್. ಅನಂತಮೂರ್ತಿಯವರ ಕಥೆಯನ್ನು ಆಧರಿಸಿ ಕಾಸರವಳ್ಳಿಯವರು ತೆಗೆದ 'ಘಟಶ್ರಾದ್ಧ' ೧೯೭೭ನೆಯ ಸಾಲಿನ ಸ್ವರ್ಣಕಮಲ ಪಡೆಯಿತು. ಅದೇ ಸಾಲಿನಲ್ಲಿ ತಮಿಳಿನ ಅತ್ಯುತ್ತಮ ಚಿತ್ರವೆಂದು ಪ್ರಶಸ್ತಿ ಪಡೆದದ್ದು ಜಾನ್ ಅಬ್ರಹಾಂ ಅವರ 'ಅಗ್ರಹಾರತ್ತಿಲ್ ಕಳುದೈ'. ಎರಡೂ ಅಗ್ರಹಾರದ ಕಟ್ಟಳೆಗಳನ್ನು ಪ್ರಶ್ನಿಸಿದ ಚಿತ್ರಗಳು. ಈ ಅಬ್ರಹಾಂ ಅವರೇ ೧೯೮೪ರಲ್ಲಿ ಕೇರಳದಲ್ಲಿ ಒಡೆಸ್ಸಾ ಎಂಬ ಸಂಘ ಕಟ್ಟಿ, ಸಾಮಾನ್ಯ ಜನರಿಂದ ಹಣ ಕೂಡಿಸಿ, ೧೯೮೬ರಲ್ಲಿ 'ಅಮ್ಮ ಅರಿಯಾನ್' ಎಂಬ ಚಿತ್ರ ತೆಗೆದರು. ಹೆಗ್ಗೋಡಿನಲ್ಲಿ ಜನ ಕೂಡಿ ಚಿತ್ರ ನೋಡಿದರು. ಕೇರಳದಲ್ಲಿ ಜನ ಕೂಡಿ ಚಿತ್ರವನ್ನೇ ಮಾಡಿಸಿದರು.

ನಾಯರ್ ಅವರ ಬಾಳಿನ ಮೇಲೆ ಶಿವೇಂದ್ರ ಸಿಂಗ್ ಡುಂಗರ್‌ಪುರ್ ಎಂಬವರು ೨೦೧೨ರಲ್ಲಿ ಒಂದು ಸಾಕ್ಷ್ಯಚಿತ್ರ ಮಾಡಿದರು. ಅದರಲ್ಲಿ ಹೆಗ್ಗೋಡಿನ ಜನ ತಾವು ಹಿಂದೆ ನೋಡಿದ ಚಿತ್ರಗಳನ್ನು ನೆನೆದು ಮಾತಾಡುತ್ತಾರೆ. ಅದೇ ಡುಂಗರ್‌ಪುರ್ ೨೦೧೪ರಲ್ಲಿ ಹಳೆಯ ಚಿತ್ರಗಳನ್ನು ಉಳಿಸುವ ಫಿಲ್ಮ್ ಹೆರಿಟೇಜ್ ಫೌಂಡೇಷನ್ ಎಂಬ ಸಂಸ್ಥೆಯನ್ನು ಕಟ್ಟಿದರು. ಆ ಸಂಸ್ಥೆಯ ಶ್ರಮದಿಂದ ಜೀರ್ಣೋದ್ಧಾರಗೊಂಡ 'ಘಟಶ್ರಾದ್ಧ' ೨೦೨೪ರಲ್ಲಿ ವೆನಿಸ್ ನಗರದ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು. ಚಿತ್ರವೊಂದು ನಲವತ್ತೇಳು ವರ್ಷ ಬದುಕಿ ಉಳಿಯಬೇಕಾದರೆ ಅದನ್ನು ತಮ್ಮದೆಂದು ಕಾಯುವವರು ಬೇಕು. ನಾನು ತುಂಬಿಕೊಟ್ಟ ನೂರಾರು ಕಾರ್ಡುಗಳ ಚಿತ್ರಗಳನ್ನು ಮುಂದಿನ ವಾರ ನಾನೇ ಅಳಿಸಿ ಬೇರೆ ತುಂಬುತ್ತಿದ್ದೆ.

ಈ ವಿಷಯವನ್ನು ಮಾತಾಡುವಾಗ ತೀರ್ಥಹಳ್ಳಿಯ ಕಡೆಯ ನನ್ನ ಸಹಪಾಠಿಯೊಬ್ಬನು ವಾದ ಹೂಡಿದನು. ನಮ್ಮ ಮೂರು ತಾಲ್ಲೂಕುಗಳ ಚಿತ್ರಮಂದಿರಗಳಿಗೆ ಇಂಥ ಚಿತ್ರಗಳು ಬರುವುದಿಲ್ಲ; ತಿಂಗಳ ಚಂದಾ ಕೊಟ್ಟು ನೋಡುವ ಶಕ್ತಿ ಕೂಲಿಯವನ ಮಗನಿಗೆ ಇಲ್ಲ; ಕದ್ದಾದರೂ ನೋಡುವುದು ನೋಡದೆ ಇರುವುದಕ್ಕಿಂತ ಮೇಲಲ್ಲವೇ ಎಂಬುದು ಅವನ ಪ್ರಶ್ನೆ. ಇದರಲ್ಲಿ ಅರ್ಧ ಸತ್ಯವಿದೆ ಎಂದು ನಾನು ಒಪ್ಪುತ್ತೇನೆ. ನಮ್ಮ ಹಸಿವು ಸುಳ್ಳಲ್ಲ. ಆದರೆ ೧೯೭೩ರ ಹೆಗ್ಗೋಡಿನ ಸುತ್ತಮುತ್ತಲೂ ರಾಯ್ ಮತ್ತು ಕುರೊಸಾವಾ ಅವರ ಚಿತ್ರಗಳು ಓಡುವ ಟಾಕೀಸು ಇರಲಿಲ್ಲವಲ್ಲ. ಸುಬ್ಬಣ್ಣನವರು ಆ ಕೊರತೆಯನ್ನು ಕೇಳಿ ಪಡೆದು ತುಂಬಿದರು.

ಇನ್ನೊಂದು ಸಂಗತಿಯೂ ಇದೆ. ದೊಡ್ಡ ನಟರ ಚಿತ್ರವನ್ನು ಸಾವಿರ ಜನ ಕದ್ದು ನೋಡಿದರೂ ಲಕ್ಷ ಜನ ಟಿಕೆಟ್ಟು ಕೊಳ್ಳುತ್ತಾರೆ. ಕಲಾತ್ಮಕ ಚಿತ್ರಕ್ಕೆ ಇರುವ ಪ್ರೇಕ್ಷಕರೇ ಕೆಲವರು. ಅವರೂ ಕಳ್ಳಪ್ರತಿಯಲ್ಲಿ ನೋಡಿದರೆ ಆ ಚಿತ್ರಕ್ಕೆ ಪ್ರೇಕ್ಷಕರೇ ಇಲ್ಲವೆಂಬ ಲೆಕ್ಕ ಹುಟ್ಟುತ್ತದೆ. ಲೆಕ್ಕದಲ್ಲಿ ಇಲ್ಲದ ಪ್ರೇಕ್ಷಕನಿಗಾಗಿ ಮುಂದಿನ ಚಿತ್ರಕ್ಕೆ ಯಾರು ಹಣ ಹಾಕುತ್ತಾರೆ? ಅಜ್ಜಿಯಂಥವರ ಕಥೆಯನ್ನು ಹೇಳುವವರು ಹೀಗೆಯೇ ಕಡಮೆಯಾಗುತ್ತಾರೆ. ಯಾರ ಮನೆಯಿಂದಲೂ ಏನೂ ಕಡಮೆಯಾಗುವುದಿಲ್ಲ ಎಂದುಕೊಂಡಿದ್ದ ನನಗೆ, ಕಡಮೆಯಾಗುವುದು ನಮ್ಮ ಮನೆಯ ಪಾಲೇ ಎಂದು ಆಗ ತಿಳಿಯಿತು.

ಕಾನೂನಿನ ಮಾತನ್ನೂ ಹೇಳಿಬಿಡುತ್ತೇನೆ. ೧೯೫೭ರ ಕೃತಿಸ್ವಾಮ್ಯ ಕಾಯಿದೆಯ ಪ್ರಕಾರ ಚಲಚ್ಚಿತ್ರದ ಹಕ್ಕು ಬಿಡುಗಡೆಯ ಮುಂದಿನ ವರ್ಷದಿಂದ ಅರವತ್ತು ವರ್ಷಗಳವರೆಗೆ ಇರುತ್ತದೆ. ೨೦೨೩ರಲ್ಲಿ ಚಲಚ್ಚಿತ್ರ ಕಾಯಿದೆಗೆ ತಂದ ತಿದ್ದುಪಡಿಯ ಪ್ರಕಾರ ಪ್ರದರ್ಶನವನ್ನು ಕದ್ದು ಚಿತ್ರೀಕರಿಸುವುದಕ್ಕೂ ಅಂಥ ಪ್ರತಿಯನ್ನು ಲಾಭಕ್ಕಾಗಿ ಸಾರ್ವಜನಿಕವಾಗಿ ತೋರಿಸುವುದಕ್ಕೂ ಮೂರು ತಿಂಗಳಿಂದ ಮೂರು ವರ್ಷದವರೆಗೆ ಸೆರೆವಾಸವಿದೆ. ಕನಿಷ್ಠ ಮೂರು ಲಕ್ಷ ರೂಪಾಯಿ ದಂಡವಿದೆ. ಆದರೆ ಅದೇ ೧೯೫೭ರ ಕಾಯಿದೆಯಲ್ಲಿ ನಮಗಾಗಿ ಒಂದು ಬಾಗಿಲನ್ನೂ ತೆರೆದಿಟ್ಟಿದ್ದಾರೆ. ವಿದ್ಯಾಸಂಸ್ಥೆಯು ತನ್ನ ಚಟುವಟಿಕೆಯ ಅಂಗವಾಗಿ, ಅಧ್ಯಾಪಕರು, ವಿದ್ಯಾರ್ಥಿಗಳು, ಅವರ ತಂದೆತಾಯಿಗಳು ಮತ್ತು ಪೋಷಕರು ಮಾತ್ರ ಇರುವ ಸಭೆಗೆ ಚಿತ್ರ ತೋರಿಸಿದರೆ ಅದು ತಪ್ಪಲ್ಲ. ಪ್ರತಿ ಮಾತ್ರ ನ್ಯಾಯವಾದದ್ದಾಗಿರಬೇಕು.

ನಾನು ಅಂಗಡಿಯ ಕೆಲಸ ಬಿಟ್ಟೆ. ಇದನ್ನು ಹೆಮ್ಮೆಯಿಂದ ಹೇಳುತ್ತಿಲ್ಲ. ಆ ತಿಂಗಳು ಬಸ್ಸಿನ ದುಡ್ಡಿಗೆ ಅಪ್ಪಯ್ಯನ ಮುಂದೆ ಕೈಯೊಡ್ಡಬೇಕಾಯಿತು. ಅವರು ಏಕೆಂದು ಕೇಳಿದರು; ಹೇಳಿದೆ. ಏನೂ ಆಡದೆ ಎಲೆಯಡಕೆಯ ಸಂಚಿಯಿಂದ ನೋಟು ತೆಗೆದುಕೊಟ್ಟರು. ಈಗ ರಜಾದಿನಗಳಲ್ಲಿ ನಾನೂ ಅವರೊಡನೆ ತೋಟಕ್ಕೆ ಹೋಗುತ್ತೇನೆ. ಮರವೇರಲು ಬಾರದು, ಕೆಳಗೆ ನಿಂತು ಗೊನೆ ಹೊರುತ್ತೇನೆ.

ಪ್ರಬಂಧ ಓದಿದ ಮೇಲೆ ನಮ್ಮ ಅಧ್ಯಾಪಕರು ತಾವು ಹಣ ಕೊಟ್ಟು ಪಡೆದಿದ್ದ 'ದ್ವೀಪ'ದ ಪ್ರತಿಯನ್ನು ತಂದರು. ಕಾಲೇಜಿನ ಸಭಾಂಗಣದ ಕಿಟಕಿಗಳಿಗೆ ಕಂಬಳಿ ಕಟ್ಟಿ, ಗೋಡೆಗೆ ಬಿಳಿಯ ಪಂಚೆ ಬಿಗಿದು ಚಿತ್ರ ತೋರಿಸಿದೆವು. ನನ್ನ ಪೋಷಕಳೆಂದು ಅಜ್ಜಿಯನ್ನು ಕರೆತಂದು ಮುಂದಿನ ಸಾಲಿನಲ್ಲಿ ಕೂರಿಸಿದೆ. ಮಳೆ ಮಳೆಯಾಗಿಯೇ ಕಂಡಿತು. ನೀರು ನೀರಾಗಿಯೇ ಕಂಡಿತು. ಚಿತ್ರ ಕೊನೆಯವರೆಗೂ ಓಡಿತು. ಮನೆಯನ್ನು ಕಾಪಾಡಿಕೊಂಡ ನಾಗಿಯ ದುಡಿಮೆಯನ್ನು ಗಂಡ ಗಣಿಸದೆ ಎಲ್ಲವೂ ದೇವರ ಕೃಪೆಯೆನ್ನುವಾಗ ಅಜ್ಜಿ ಬಾಯಿಗೆ ಸೆರಗು ಹಿಡಿದು ನಕ್ಕಳೋ ಅತ್ತಳೋ ನನಗೆ ತಿಳಿಯಲಿಲ್ಲ. ಹೊರಗೆ ಬಂದ ಮೇಲೆ ತನ್ನ ಅವ್ವನ ಕಥೆಯನ್ನು ಬಸ್ಸು ಬರುವವರೆಗೂ ಹೇಳಿದಳು. ಮುಳುಗುವ ಮುಂಚೆ ಆಕೆ ಒಲೆಯ ಕಲ್ಲುಗಳನ್ನು ಕಿತ್ತು ತಲೆಯ ಮೇಲೆ ಹೊತ್ತು ತಂದಿದ್ದಳಂತೆ. ಆ ಕಲ್ಲುಗಳು ಈಗಲೂ ನಮ್ಮ ಹಿತ್ತಲಿನ ಬಚ್ಚಲೊಲೆಗೆ ಇವೆ. ಇಪ್ಪತ್ತು ವರ್ಷ ಅದೇ ಒಲೆಯ ನೀರು ಮಿಂದ ನನಗೆ ಈ ಸಂಗತಿ ತಿಳಿದಿರಲಿಲ್ಲ.

ಸುಬ್ಬಣ್ಣನವರ ಬಗ್ಗೆ ದೊಡ್ಡ ಮಾತುಗಳನ್ನು ಹೇಳಬಲ್ಲವರು ಹೇಳಲಿ. ನನ್ನ ಕೋರಿಕೆ ಸಣ್ಣದು. ನಮ್ಮ ಕಾಲೇಜಿನಲ್ಲಿ ತಿಂಗಳಿಗೊಂದು ಚಿತ್ರವನ್ನು, ಹಕ್ಕುಳ್ಳವರನ್ನು ಕೇಳಿಯೋ ಕೊಂಡೋ ತಂದು, ಮನೆಯ ಹಿರಿಯರನ್ನೂ ಕರೆದು ತೋರಿಸುವ ಒಂದು ಚಿತ್ರಸಮಾಜವಾಗಲಿ. ಮೂವತ್ತು ವಿದ್ಯಾರ್ಥಿಗಳು ಹೆಸರು ಬರೆಸಿದ್ದೇವೆ. ನಾವು ಈ ವರ್ಷ ಹೊರಟುಹೋಗುವವರು. ಕಂಬಳಿಗಳೂ ಪಂಚೆಯೂ ಕನ್ನಡ ವಿಭಾಗದ ಬೀರುವಿನಲ್ಲಿವೆ. ಮುಂದಿನ ತರಗತಿಯವರು ಅವನ್ನು ಹೊರತೆಗೆಯುವರೆಂದು ನಂಬಿದ್ದೇನೆ.